ದುಡ್ಡು ಕೊಟ್ಟು ಕೇಳಿಸಿಕೊಂಡ ಸುಳ್ಳುಗಳು: ರಾಯಚೂರು ಕೋಟೆಯ ಒಂದು ನಡಿಗೆ

ರಾಯಚೂರು ಕೋಟೆಯ ಒಳಗೋಡೆಯಲ್ಲಿ 40 ಅಡಿಗೂ ಹೆಚ್ಚು ಉದ್ದದ ಒಂದೇ ಕಲ್ಲಿದೆ. ಈ ಕೋಟೆಯನ್ನು ಯಾರು ಕಟ್ಟಿಸಿದರು, ಯಾವಾಗ ಕಟ್ಟಿಸಿದರು ಎಂಬುದನ್ನು ಕಟ್ಟಿದವರೇ ಅದರ ಮೇಲೆ ಬರೆಸಿದ್ದಾರೆ. ಬರೆಸಿದ್ದು ಮಾತ್ರವಲ್ಲ, ಅಷ್ಟು ದೊಡ್ಡ ಕಲ್ಲನ್ನು ಬಂಡಿಯ ಮೇಲೆ ಹೇರಿ, ಉದ್ದಕ್ಕೆ ಜಾನುವಾರುಗಳನ್ನು ಹೂಡಿ, ಹೇಗೆ ಎಳೆದು ತಂದರು ಎಂಬುದನ್ನೂ ಚಿತ್ರವಾಗಿ ಕೆತ್ತಿಸಿದ್ದಾರೆ. ತಾನು ಹುಟ್ಟಿದ ಕಥೆಯನ್ನು ತನ್ನ ಗೋಡೆಯ ಮೇಲೆಯೇ ಹೇಳಿಕೊಳ್ಳುವ ಕೋಟೆ ನಮ್ಮ ಊರಿನಲ್ಲಿದೆ. ಕಳೆದ ಭಾನುವಾರ ತಲೆಗೆ ನಾನೂರು ರೂಪಾಯಿ ತೆಗೆದುಕೊಂಡು ನಮ್ಮನ್ನು ಕೋಟೆ ತೋರಿಸಲು ಕರೆದೊಯ್ದ ಮಾರ್ಗದರ್ಶಕ ಆ ಕಲ್ಲಿನ ಮುಂದೆ ಒಂದು ನಿಮಿಷವೂ ನಿಲ್ಲದೆ ಮುಂದಕ್ಕೆ ನಡೆದುಬಿಟ್ಟ. ಅಂದಿನಿಂದ ನನ್ನ ಹೊಟ್ಟೆಯೊಳಗೆ ಉರಿಯುತ್ತಿರುವ ಸಿಟ್ಟು ಇನ್ನೂ ಆರಿಲ್ಲ.

ಪಾರಂಪರಿಕ ನಡಿಗೆ ಎಂದು ಅವರು ಹಂಚಿದ ಪ್ರಕಟಣೆಯಲ್ಲಿ ಬೆಳಿಗ್ಗೆ ಆರೂವರೆಗೆ ಹೊರಡುವುದಾಗಿ, ಪರಿಣತ ಮಾರ್ಗದರ್ಶಕರು ಕೋಟೆಯ ಬಾಗಿಲುಗಳನ್ನೂ ಹಳೆಯ ಪೇಟೆಯನ್ನೂ ವಿವರಿಸುವುದಾಗಿ ಬರೆದಿತ್ತು. ಮಾರ್ಗದರ್ಶಕ ಬಂದದ್ದು ಎಂಟು ದಾಟಿದ ಮೇಲೆ. ರಾಯಚೂರಿನ ಬಿಸಿಲು ಬಲ್ಲವರಿಗೆ ಇದರ ಅರ್ಥ ಬಿಡಿಸಿ ಹೇಳಬೇಕಾಗಿಲ್ಲ. ಈ ಊರಿನಲ್ಲಿ ಬೇಸಿಗೆಯ ಒಂಬತ್ತು ಗಂಟೆಗೇ ಕಲ್ಲು ಕಾಯಲು ಶುರುವಾಗುತ್ತದೆ, ಹತ್ತಕ್ಕೆ ಅದರ ಮೇಲೆ ಕೈ ಇಡಲಾಗುವುದಿಲ್ಲ. ಗುಂಪಿನಲ್ಲಿ ವಯಸ್ಸಾದವರಿದ್ದರು, ಮಕ್ಕಳಿದ್ದರು. ಕುಡಿಯುವ ನೀರಿನ ವ್ಯವಸ್ಥೆ ಇರಲಿಲ್ಲ. ತಡವಾಗಿದ್ದಕ್ಕೆ ಒಂದು ಮಾತಿನ ಕ್ಷಮೆಯೂ ಬರಲಿಲ್ಲ. ಇಷ್ಟೇ ಆಗಿದ್ದರೆ ನಾನು ಮನೆಗೆ ಬಂದು ತಣ್ಣೀರು ಕುಡಿದು ಮರೆತುಬಿಡುತ್ತಿದ್ದೆ.

ಮರೆಯಲಾಗದ್ದು ಅವನು ಹೇಳಿದ ಕಥೆಗಳು. ಬಾಗಿಲ ಬಳಿ ನಿಂತು, ಹೆಗಲಿಗೆ ತೂಗುಹಾಕಿಕೊಂಡ ಸ್ಪೀಕರಿನಲ್ಲಿ, ಈ ಕೋಟೆಯನ್ನು ಕೃಷ್ಣದೇವರಾಯನು ಕಟ್ಟಿಸಿದನೆಂದು ಹೇಳಿದ. ಕೃಷ್ಣದೇವರಾಯನು ಈ ಕೋಟೆಯನ್ನು ಕಟ್ಟಿಸಲಿಲ್ಲ, ಮುತ್ತಿಗೆ ಹಾಕಿ ಗೆದ್ದನು. ಅವನು ಹುಟ್ಟುವ ಹೊತ್ತಿಗೆ ಕೋಟೆಗೆ ನೂರೈವತ್ತಕ್ಕೂ ಹೆಚ್ಚು ವರ್ಷ ವಯಸ್ಸಾಗಿತ್ತು. ಇಲ್ಲಿಂದ ಹಂಪಿಗೆ ಸುರಂಗ ಮಾರ್ಗವಿದೆ, ರಾಣಿಯರು ಅದರಲ್ಲಿ ಕುದುರೆಯ ಮೇಲೆ ಹೋಗಿಬರುತ್ತಿದ್ದರು ಎಂದ. ಹಂಪಿ ಇಲ್ಲಿಂದ ನೂರು ಕಿಲೋಮೀಟರಿಗೂ ಹೆಚ್ಚು ದೂರದಲ್ಲಿದೆ, ನಡುವೆ ತುಂಗಭದ್ರೆ ಹರಿಯುತ್ತಾಳೆ. ಬಾವಿಯೊಂದನ್ನು ತೋರಿಸಿ ಅದರೊಳಗೆ ಏಳು ಕೊಪ್ಪರಿಗೆ ಹೊನ್ನು ಇದೆ, ಸರ್ಪ ಕಾಯುತ್ತಿದೆ ಎಂದ. ನಿಧಿಯ ಆಸೆಗೆ ನಮ್ಮ ಭಾಗದಲ್ಲಿ ಎಷ್ಟು ಗುಡಿಗಳ ಗರ್ಭಗುಡಿ ಅಗೆದಿದ್ದಾರೆ, ಎಷ್ಟು ವೀರಗಲ್ಲುಗಳನ್ನು ಬುಡಮೇಲು ಮಾಡಿದ್ದಾರೆ ಎಂಬುದನ್ನು ಹಳ್ಳಿಗಾಡಿನಲ್ಲಿ ತಿರುಗಾಡಿದ ಯಾರೂ ಬಲ್ಲರು. ಅಂಥ ನೆಲದಲ್ಲಿ ನಿಂತು, ಮೈಕಿನಲ್ಲಿ, ಇಲ್ಲಿ ಹೊನ್ನಿದೆ ಎಂದು ಸಾರುವುದು ಬರೀ ಅಜ್ಞಾನವಲ್ಲ, ಅದು ಅಪರಾಧಕ್ಕೆ ದಾರಿ ತೋರಿಸುವ ಕೆಲಸ.

ನಮ್ಮ ಗುಂಪಿನಲ್ಲಿ ಏಳನೆಯ ತರಗತಿಯ ಹುಡುಗಿಯೊಬ್ಬಳಿದ್ದಳು. ಶಾಲೆಯಲ್ಲಿ ಊರಿನ ಇತಿಹಾಸದ ಬಗ್ಗೆ ಬರೆದುಕೊಂಡು ಬರಲು ಹೇಳಿದ್ದರಂತೆ. ಅವಳು ನೋಟುಪುಸ್ತಕ ಹಿಡಿದು, ಅವನು ಹೇಳಿದ ಪ್ರತಿಯೊಂದು ಮಾತನ್ನೂ, ಸುರಂಗವನ್ನೂ, ಸರ್ಪವನ್ನೂ, ಏಳು ಕೊಪ್ಪರಿಗೆಯನ್ನೂ, ದುಂಡಗಿನ ಅಕ್ಷರಗಳಲ್ಲಿ ಬರೆದುಕೊಳ್ಳುತ್ತಿದ್ದಳು. ದೊಡ್ಡವರಾದ ನಾವು ಒಂದು ಕಿವಿಯಲ್ಲಿ ಕೇಳಿ ಇನ್ನೊಂದು ಕಿವಿಯಲ್ಲಿ ಬಿಡಬಹುದು. ಆ ಮಗು ಬಿಡುವುದಿಲ್ಲ. ತರಗತಿಯಲ್ಲಿ ಎದ್ದು ನಿಂತು ಓದುತ್ತದೆ, ಉಳಿದ ಮಕ್ಕಳು ಕೇಳಿ ನಂಬುತ್ತಾರೆ. ನಾನು ಆ ಹುಡುಗಿಯ ತಾಯಿಗೆ ಮೆಲ್ಲಗೆ ವಿಷಯ ತಿಳಿಸಿದಾಗ ಅವರು, “ಅಣ್ಣಾರ, ಗೊತ್ತಿದ್ದವರು ಅಂತ ರೊಕ್ಕ ಕೊಟ್ಟು ಬಂದೀವಿ, ಇವರೇ ಹಿಂಗ ಹೇಳಿದ್ರ ನಾವು ಯಾರನ್ನ ಕೇಳಬೇಕ್ರಿ?” ಎಂದರು. ಆ ಪ್ರಶ್ನೆಗೆ ನನ್ನಲ್ಲಿ ಉತ್ತರವಿರಲಿಲ್ಲ.

ಈಗ ಆ ಕಲ್ಲಿನ ವಿಷಯಕ್ಕೆ ಬರುತ್ತೇನೆ, ಏಕೆಂದರೆ ಅವನು ಹೇಳದೆ ಬಿಟ್ಟದ್ದೇನೆಂಬುದು ಯಾರಿಗಾದರೂ ತಿಳಿಯಬೇಕು. ಕಾಕತೀಯರ ಕಾಲದಲ್ಲಿ, 1294ರಲ್ಲಿ, ಅವರ ಸೇನಾಧಿಕಾರಿ ಗೋರೆ ಗನ್ನಯ ರೆಡ್ಡಿಯ ಆಜ್ಞೆಯಂತೆ ವಿಠ್ಠಲನೆಂಬವನು ಈ ಕೋಟೆಯನ್ನು ಕಟ್ಟಿಸಿದನು. ಒಳಗೋಡೆಯ ಕಲ್ಲುಗಳನ್ನು ನೋಡಿ: ದೊಡ್ಡ ದೊಡ್ಡ ಚಪ್ಪಡಿಗಳನ್ನು ನುಣುಪಾಗಿ ಕಡೆದು, ಗಾರೆಯನ್ನೇ ಬಳಸದೆ, ಒಂದರ ಮೇಲೊಂದನ್ನು ಕೂರಿಸಿದ್ದಾರೆ, ತೂಕವೇ ಅವುಗಳನ್ನು ಹಿಡಿದಿಟ್ಟಿದೆ. ಆ ಸಾಲಿನಲ್ಲೇ ಎಲ್ಲಕ್ಕಿಂತ ಉದ್ದದ ಆ ಕಲ್ಲಿದೆ. ಶಾಸನದ ಜೊತೆಯಲ್ಲಿರುವ ಚಿತ್ರದಲ್ಲಿ ನಡುವೆ ಕಡ್ಡಿಗಳಿಲ್ಲದ, ಇಡಿಯಾದ ಗಾಲಿಗಳ ಬಂಡಿಯಿದೆ, ಅದರ ಮೇಲೆ ಕಲ್ಲಿದೆ, ಮುಂದೆ ಜೋಡಿ ಜೋಡಿಯಾಗಿ ಹೂಡಿದ ಜಾನುವಾರುಗಳ ಉದ್ದನೆಯ ಸಾಲಿದೆ, ಅವುಗಳನ್ನು ಹುರಿದುಂಬಿಸುವ ಜನರಿದ್ದಾರೆ, ಹಿಂದಿನಿಂದ ಗಾಲಿಗೆ ಸನ್ನೆಗೋಲು ಕೊಟ್ಟು ನೂಕುವವರಿದ್ದಾರೆ. ಅರಸನ ಹೆಸರನ್ನೂ ಬಿರುದುಗಳನ್ನೂ ಕೆತ್ತಿದ ಶಾಸನಗಳು ನಾಡಿನಲ್ಲಿ ಸಾವಿರಾರು ಇವೆ. ಕಲ್ಲು ಎಳೆದ ಎತ್ತು ಕೋಣಗಳನ್ನೂ ಬೆವರು ಸುರಿಸಿದ ಆಳುಗಳನ್ನೂ ಅದೇ ಕಲ್ಲಿನ ಮೇಲೆ ಉಳಿಸಿದ್ದು ಅಪರೂಪ. ಬೆಳಗಿನ ಓರೆಬಿಸಿಲಿನಲ್ಲಿ ಮಾತ್ರ ಆ ಸವೆದ ಗೆರೆಗಳು ಚೆನ್ನಾಗಿ ಎದ್ದು ಕಾಣುತ್ತವೆ. ಆರೂವರೆಗೆ ಹೊರಟಿದ್ದರೆ ನಾವು ನೋಡಬಹುದಿತ್ತು.

ನಮ್ಮೊಡನಿದ್ದ ನಿವೃತ್ತ ಮೇಷ್ಟರೊಬ್ಬರು ಅದನ್ನು ತೋರಿಸುವಂತೆ ಬಹಳ ಮರ್ಯಾದೆಯಿಂದ ಕೇಳಿದರು. ಮಾರ್ಗದರ್ಶಕ ಹೇಳಿದ್ದು ಇಷ್ಟು: “ಅದೆಲ್ಲಾ ಓದಾಕ ಬರಲ್ಲ ಸರ್, ಜನಕ್ಕ ಬೇಜಾರಾಗ್ತದ. ಫೋಟೋ ಪಾಯಿಂಟ್ ಮುಂದ ಐತಿ, ಬರ್ರಿ.” ಮೇಷ್ಟರು ಮತ್ತೆ ಮಾತಾಡಲಿಲ್ಲ. ಜೀವನವಿಡೀ ಮಕ್ಕಳಿಗೆ ಪಾಠ ಹೇಳಿದ ಹಿರಿಯರನ್ನು ಹಾಗೆ ಬಾಯಿ ಮುಚ್ಚಿಸಿದ್ದು ನನಗೆ ಸುರಂಗದ ಸುಳ್ಳಿಗಿಂತ ಹೆಚ್ಚು ನೋವು ಕೊಟ್ಟಿತು. ಜನರಿಗೆ ಬೇಜಾರಾಗುತ್ತದೆ ಎಂದು ನಿರ್ಧರಿಸಲು ಇವನು ಯಾರು? ನಾವು ಹಣ ಕೊಟ್ಟು, ನಿದ್ದೆ ಬಿಟ್ಟು, ಅದನ್ನು ಕೇಳುವುದಕ್ಕೇ ಬಂದಿದ್ದೆವು.

ನಿಜವಾದ ಕಥೆಯಲ್ಲಿ ರೋಚಕತೆ ಇಲ್ಲವೆಂಬ ನೆಪವನ್ನು ಕೂಡ ನಾನು ಒಪ್ಪುವುದಿಲ್ಲ. 1520ರಲ್ಲಿ ಕೃಷ್ಣದೇವರಾಯನು ಈ ಕೋಟೆಯ ಮುಂದೆ ಬೀಡುಬಿಟ್ಟದ್ದನ್ನೂ, ಬಿಜಾಪುರದ ಸುಲ್ತಾನ ಇಸ್ಮಾಯಿಲ್ ಆದಿಲ್ ಶಾಹನ ಸೈನ್ಯವನ್ನು ಕೃಷ್ಣಾ ತೀರದತ್ತ ಓಡಿಸಿದ್ದನ್ನೂ ಪೋರ್ಚುಗೀಸ್ ಕುದುರೆ ವ್ಯಾಪಾರಿ ಫೆರ್ನಾವೊ ನೂನಿಜ್ ವಿಸ್ತಾರವಾಗಿ ಬರೆದಿಟ್ಟಿದ್ದಾನೆ. ಗೋಡೆಯ ಬುಡಕ್ಕೆ ಹೋಗಿ ಹಾರೆ ಗುದ್ದಲಿಗಳಿಂದ ಕಲ್ಲು ಕಿತ್ತು ತಂದ ಸೈನಿಕರಿಗೆ ಆ ಕಲ್ಲಿನ ಗಾತ್ರಕ್ಕೆ ತಕ್ಕಂತೆ ನಾಯಕರು ಹಣ ಕೊಡುತ್ತಿದ್ದರೆಂದು ಅವನು ಹೇಳುತ್ತಾನೆ. ಕ್ರಿಸ್ಟೋವಾವೊ ಡಿ ಫಿಗೆರೆದೊ ಎಂಬ ಪೋರ್ಚುಗೀಸನು ರಾಯನ ಪರವಾಗಿ ತನ್ನ ಕೋವಿಯವರೊಂದಿಗೆ ಬಂದು, ಗೋಡೆಯ ಮೇಲೆ ತಲೆ ಎತ್ತಿದವರನ್ನೆಲ್ಲ ಗುರಿಯಿಟ್ಟು ಹೊಡೆಯತೊಡಗಿದ ಮೇಲೆ ಕೆಳಗೆ ಕಲ್ಲು ಕೀಳುವವರಿಗೆ ಧೈರ್ಯ ಬಂದಿತು. ಕೊನೆಗೆ ಪರಿಸ್ಥಿತಿ ನೋಡಲು ಹೊರಗೆ ಬಗ್ಗಿದ ಕೋಟೆಯ ಅಧಿಕಾರಿಯ ಹಣೆಗೇ ಗುಂಡು ಬಿದ್ದಿತು, ಊರು ಶರಣಾಯಿತು. ಕೃಷ್ಣೆ ತುಂಗಭದ್ರೆಯರ ನಡುವಿನ ಈ ಎಡೆದೊರೆ ನಾಡಿಗಾಗಿ ಬಹಮನಿಗಳೂ ವಿಜಯನಗರದವರೂ ತಲೆಮಾರುಗಳ ಕಾಲ ಕಾದಾಡಿದರು. ಇದನ್ನು ಆ ಗೋಡೆಯ ಬುಡದಲ್ಲಿ ನಿಲ್ಲಿಸಿ ಹೇಳಿದರೆ ಯಾವ ಮಗು ಆಕಳಿಸುತ್ತದೆ? ಒಬ್ಬ ಅರಸನನ್ನು ಹೊಗಳುವ ಭರದಲ್ಲಿ ಅವನ ದೊಡ್ಡ ಗೆಲುವನ್ನೇ ನುಂಗಿಹಾಕಿ, ಅವನು ಕಟ್ಟಿಸದ ಗೋಡೆಯನ್ನು ಅವನ ಹೆಸರಿಗೆ ಬರೆಯುವುದರಿಂದ ಯಾರಿಗೆ ಗೌರವ ಬಂದಂತಾಯಿತು?

ಬಾಗಿಲುಗಳ ವಿವರಣೆಯಂತೂ ಕೇಳುವಂತಿರಲಿಲ್ಲ. ಪಶ್ಚಿಮಕ್ಕೆ ಮೆಕ್ಕಾ ದರವಾಜ, ಉತ್ತರಕ್ಕೆ ನವರಂಗ ದರವಾಜ, ಪೂರ್ವಕ್ಕೆ ಕಾಟಿ ದರವಾಜ ಎಂದು ದಿಕ್ಕು ಹೇಳುವಷ್ಟು ಕೂಡ ಅವನಿಗೆ ತಿಳಿದಿರಲಿಲ್ಲ. ಏಕ್ ಮಿನಾರ್ ಮಸೀದಿಯನ್ನು ದೂರದಿಂದ ಕೈ ಮಾಡಿ ತೋರಿಸಿ, “ಅದು ಮಿನಾರ್” ಎಂದು ಮುಗಿಸಿದ. ಬಹಮನಿ ಸುಲ್ತಾನ ಮಹಮೂದ್ ಶಾಹನ ಕಾಲದಲ್ಲಿ, 1513ರ ಹೊತ್ತಿಗೆ ಕಟ್ಟಿದ್ದು ಅದು. ಸುಮಾರು 65 ಅಡಿ ಎತ್ತರದ ಒಂಟಿ ಮಿನಾರಿನೊಳಗೆ ಮೇಲಕ್ಕೆ ಹತ್ತುವ ಮೆಟ್ಟಿಲುಗಳಿವೆ. ಅದು ಎದ್ದ ಏಳೆಂಟು ವರ್ಷಗಳಲ್ಲೇ ವಿಜಯನಗರದ ಪಡೆ ಊರಿನ ಹೊರಗೆ ಡೇರೆ ಹಾಕಿತ್ತು ಎಂಬ ಒಂದು ಮಾತನ್ನು ಜೋಡಿಸಿದ್ದರೂ ಇಡೀ ಕಾಲ ಕಣ್ಣ ಮುಂದೆ ಬರುತ್ತಿತ್ತು.

ಓಣಿಗಳಲ್ಲಿ ಅವನು ನಡೆದುಕೊಂಡ ರೀತಿಯನ್ನೂ ಹೇಳಲೇಬೇಕು. ಕೋಟೆಯ ಸುತ್ತ ಜನ ಬದುಕುತ್ತಿದ್ದಾರೆ. ಅಂಗಳದಲ್ಲಿ ಪಾತ್ರೆ ತೊಳೆಯುತ್ತಾರೆ, ಕಟ್ಟೆಯ ಮೇಲೆ ಕುಳಿತು ಚಹಾ ಕುಡಿಯುತ್ತಾರೆ, ಭಾನುವಾರವಾದ್ದರಿಂದ ಇನ್ನೂ ಮಲಗಿರುತ್ತಾರೆ. ಅವರ ಬಾಗಿಲ ಮುಂದೆ ಸ್ಪೀಕರನ್ನು ಜೋರು ಮಾಡಿ ಕಿರುಚುವುದು, ಯಾರನ್ನೂ ಕೇಳದೆ ಮನೆಯ ಹಳೆಯ ಚೌಕಟ್ಟಿಗೆ ಒರಗಿ ವಿಡಿಯೊ ಮಾಡಿಸುವುದು ಎಷ್ಟರಮಟ್ಟಿನ ಸಭ್ಯತೆ? ಒಬ್ಬ ಅಜ್ಜಿ ಹೊರಗೆ ಬಂದು, “ಏನ್ ಗದ್ದಲಪ್ಪಾ ಇದು, ಒಳಗ ಜಡ್ಡಿನ ಮನುಷ್ಯಾ ಮಲಗ್ಯಾನ” ಎಂದಾಗ ನಾವೆಲ್ಲರೂ ತಲೆ ತಗ್ಗಿಸಿದೆವು. ಅವನು ಮಾತ್ರ ಮುಂದಿನ ತಿರುವಿಗೆ ಹೋಗಿಯಾಗಿತ್ತು. ಆ ಅಜ್ಜಿಯನ್ನು ಕೂರಿಸಿ ಕೇಳಿದ್ದರೆ ಆ ಓಣಿಯ ಬಗ್ಗೆ ಅವನಿಗಿಂತ ಹತ್ತು ಪಟ್ಟು ಹೆಚ್ಚು ಸಂಗತಿ ತಿಳಿಯುತ್ತಿತ್ತು ಎಂಬುದರಲ್ಲಿ ನನಗೆ ಅನುಮಾನವಿಲ್ಲ.

ಕೊನೆಯಲ್ಲಿ, ಬಿಸಿಲಿಗೆ ಸೋತು ನೆರಳಲ್ಲಿ ನಿಂತಿದ್ದ ನಮ್ಮೆದುರು ಅವನು, “ನಿಜವಾದ ಹಿಸ್ಟರಿ ಬೇಕಂದ್ರ ಹಂಪಿಗೆ ಹೋಗ್ರಿ, ರಾಯಚೂರಾಗ ಏನೈತಿ?” ಎಂದ. ಈ ಮಾತನ್ನು ನಾನು ಚಿಕ್ಕಂದಿನಿಂದ ಕೇಳಿಕೊಂಡೇ ಬೆಳೆದಿದ್ದೇನೆ. ಬಿಸಿಲು, ಧೂಳು, ಶಾಖೋತ್ಪನ್ನ ಸ್ಥಾವರ, ಇಷ್ಟರಲ್ಲೇ ಹೊರಗಿನವರು ನಮ್ಮ ಜಿಲ್ಲೆಯನ್ನು ಮುಗಿಸಿಬಿಡುತ್ತಾರೆ. ಅಶೋಕನ ಹೆಸರನ್ನೇ ಹೇಳುವ ಶಾಸನ 1915ರಲ್ಲಿ ದೊರೆತದ್ದು ಇದೇ ಜಿಲ್ಲೆಯ ಮಸ್ಕಿಯಲ್ಲಿ. ಶಾಸನಗಳಲ್ಲಿ ದೇವಾನಾಂಪ್ರಿಯ ಎಂದು ಕರೆಸಿಕೊಂಡ ಅರಸನು ಅಶೋಕನೇ ಎಂದು ವಿದ್ವಾಂಸರು ದೃಢಪಡಿಸಿಕೊಂಡದ್ದು ಆ ಬಂಡೆಯಿಂದ. ಇಂಥ ನೆಲದಲ್ಲಿ ನಿಂತು, ಇದೇ ನೆಲವನ್ನು ತೋರಿಸುತ್ತೇನೆಂದು ಸಂಬಳ ಪಡೆಯುವವನು ಇಲ್ಲಿ ಏನಿದೆ ಎಂದು ಕೇಳುವುದನ್ನು ನಾನು ಸಹಿಸಲಾರೆ. ಹೊರಗಿನವರ ತಾತ್ಸಾರಕ್ಕೆ ತಿಳಿಯದವರು ಎಂಬ ಕಾರಣವಾದರೂ ಇರುತ್ತದೆ.

ನಡಿಗೆಯನ್ನು ಏರ್ಪಡಿಸಿದವರಿಗೆ ಅದೇ ಸಂಜೆ ಎಲ್ಲವನ್ನೂ ಬರೆದು ಕಳುಹಿಸಿದೆ. ಹಣ ಹಿಂದಿರುಗಿಸುವ ನಿಯಮವಿಲ್ಲವೆಂದೂ, ಉಳಿದವರೆಲ್ಲ ಖುಷಿಯಾಗಿದ್ದಾರೆಂದೂ, ಜನಪದ ಕಥೆಗಳೂ ಪರಂಪರೆಯ ಭಾಗವೇ ಎಂದೂ ಉತ್ತರ ಬಂದಿತು. ಜನಪದ ಕಥೆಯನ್ನು ಜನಪದ ಕಥೆ ಎಂದೇ ಹೇಳಿದರೆ ನನ್ನ ತಕರಾರಿಲ್ಲ. ನಮ್ಮ ಅಜ್ಜಂದಿರು “ಹಿಂಗಂತಾರಪ್ಪಾ” ಎಂದು ಸೇರಿಸದೆ ಅಂಥ ಕಥೆ ಹೇಳುತ್ತಿರಲಿಲ್ಲ. ಇಲ್ಲಿ ಆ ಮಾತನ್ನು ಕಿತ್ತುಹಾಕಿ, ಇತಿಹಾಸವೆಂದು ಮಾರಿದ್ದಾರೆ. ನನಗೆ ನಾನೂರು ರೂಪಾಯಿ ವಾಪಸು ಬೇಕಾಗಿಲ್ಲ. ಅವರು ಆ ಹುಡುಗಿಯ ಮನೆಯವರನ್ನು ಸಂಪರ್ಕಿಸಿ, ಹೇಳಿದ್ದರಲ್ಲಿ ಯಾವುದು ಸುಳ್ಳೆಂಬುದನ್ನು ತಿಳಿಸಬೇಕು. ಮುಂದಿನ ಗುಂಪನ್ನು ಕರೆದೊಯ್ಯುವವನು ಕಡೇಪಕ್ಷ ಆ ಶಾಸನದಲ್ಲಿ ಏನಿದೆ ಎಂಬುದನ್ನು ಓದಿಕೊಂಡು ಬರಬೇಕು, ಸ್ಪೀಕರನ್ನು ಮನೆಯಲ್ಲಿಟ್ಟು ಬರಬೇಕು, ಆರೂವರೆ ಎಂದರೆ ಆರೂವರೆಗೆ ಬರಬೇಕು. ಈ ಮೂರನ್ನೂ ಬರೆದು ಎರಡನೆಯ ಪತ್ರ ಕಳುಹಿಸಿದ್ದೇನೆ, ಅದಕ್ಕೆ ಇನ್ನೂ ಉತ್ತರ ಬಂದಿಲ್ಲ. ಬರುವ ಭಾನುವಾರದ ನಡಿಗೆಗೆ ಹೆಸರು ನೋಂದಾಯಿಸಿಕೊಳ್ಳಿ ಎಂಬ ಹೊಸ ಪ್ರಕಟಣೆ ಮಾತ್ರ ನಿನ್ನೆ ಬಂದಿದೆ, ಅದೇ ಮಾರ್ಗದರ್ಶಕನ ಫೋಟೋದೊಂದಿಗೆ. ಹೋಗಬೇಕೆಂದಿರುವವರು ದುಡ್ಡು ಕೊಡುವ ಮೊದಲು ಅವನಿಗೆ ಫೋನು ಮಾಡಿ, ಕೋಟೆಯನ್ನು ಕಟ್ಟಿಸಿದವರು ಯಾರು ಎಂದು ಕೇಳಿ.