ಮನಸ್ಸಿದ್ದರೆ ಗುರುತ್ವಾಕರ್ಷಣೆಯೂ ದಾರಿ ಬಿಡುತ್ತದೆ

ಜಗತ್ತು ಕಲ್ಲು, ಮಣ್ಣು, ನೀರುಗಳಿಂದಾದದ್ದೆಂದು ನಂಬಿ, ಸೋರುವ ಚಾವಣಿಗೆ ಏಣಿ ಹಾಕಿ ಹತ್ತುವ ನಮ್ಮಂಥವರ ಪಾಡಿಗೆ ಮರುಗಿ ಹೊಸ ಸಿದ್ಧಾಂತವೊಂದು ಅವತರಿಸಿದೆ. ಪ್ರವರ್ತಕರು ಅದಕ್ಕೆ 'ಚಿತ್ತಸೃಷ್ಟಿ' ಎಂದು ನಾಮಕರಣ ಮಾಡಿದ್ದಾರೆ. ವಾಸ್ತವವೆಂಬುದು ಹೊರಗೆಲ್ಲೂ ಇಲ್ಲ, ಅದು ಮನಸ್ಸುಗಳೆಲ್ಲ ಸೇರಿ ಮಾಡಿಕೊಂಡಿರುವ ಒಂದು ಕರಾರು, ಸಾಕಷ್ಟು ತೀವ್ರವಾಗಿ ಬಯಸಬಲ್ಲವನು ಆ ಕರಾರಿನ ಯಾವ ಕಲಮನ್ನಾದರೂ ತಿದ್ದಬಹುದು ಎಂಬುದು ಅದರ ಸಾರ. ಚಾವಣಿ ಸೋರುತ್ತಿದ್ದರೆ ಅದನ್ನು ರಿಪೇರಿ ಮಾಡಿಸಬೇಕಾಗಿಲ್ಲ. ಸೋರುವಿಕೆಯನ್ನು ಕುರಿತ ನಿಮ್ಮ ನಿಲುವನ್ನು ರಿಪೇರಿ ಮಾಡಿಕೊಂಡರೆ ಸಾಕು.

ಇಂಥ ಸಿದ್ಧಾಂತಕ್ಕೆ ವಿಜ್ಞಾನದ ಶಾಲು ಹೊದಿಸದೆ ಸಭೆಗೆ ಕರೆತರುವ ಪದ್ಧತಿಯಿಲ್ಲ. ಎಲೆಕ್ಟ್ರಾನುಗಳನ್ನು ಎರಡು ಸೀಳುಗಳ ಮೂಲಕ ಹಾಯಿಸಿದರೆ ಎದುರಿನ ಪರದೆಯ ಮೇಲೆ ಪಟ್ಟೆಗಳು ಮೂಡುತ್ತವೆ; ಎಲೆಕ್ಟ್ರಾನು ಯಾವ ಸೀಳಿನಿಂದ ಹೋಯಿತೆಂದು ಪತ್ತೆಹಚ್ಚಿದ ಕೂಡಲೇ ಆ ಪಟ್ಟೆಗಳು ಅಳಿಸಿಹೋಗುತ್ತವೆ. ಆದ್ದರಿಂದ ನೋಡುವವನ ಮನಸ್ಸೇ ವಿಶ್ವವನ್ನು ಕಡೆಯುತ್ತದೆ ಎಂದು ಉಪನ್ಯಾಸಕರು ಘೋಷಿಸುತ್ತಾರೆ. ಪಟ್ಟೆಗಳನ್ನು ಅಳಿಸುವುದು ಅಲ್ಲಿಟ್ಟಿರುವ ಉಪಕರಣ, ಕೋಣೆಗೆ ಬೀಗ ಹಾಕಿಕೊಂಡು ಎಲ್ಲರೂ ಊಟಕ್ಕೆ ಹೋದರೂ ಅವು ಅಳಿಸಿಯೇ ಹೋಗುತ್ತವೆ ಎಂಬ ಚಿಲ್ಲರೆ ವಿವರ ಉಪನ್ಯಾಸದಲ್ಲಿ ಬರುವುದಿಲ್ಲ. ಪರಮಾಣು ಲೋಕದ ಈ ವಿದ್ಯಮಾನಗಳ ಗಾತ್ರವನ್ನು ನಿರ್ಧರಿಸುವ ಪ್ಲಾಂಕ್ ಸ್ಥಿರಾಂಕವನ್ನು ನಮ್ಮ ದಿನಬಳಕೆಯ ಮಾನದಲ್ಲಿ ಬರೆಯಹೊರಟರೆ ದಶಮಾಂಶ ಬಿಂದುವಿನ ನಂತರ 33 ಸೊನ್ನೆಗಳನ್ನು ದಾಟಿದ ಮೇಲಷ್ಟೇ ಮೊದಲ ಅಂಕಿ ಸಿಗುತ್ತದೆ. ಆ ಸೊನ್ನೆಗಳಿಗೂ ವೇದಿಕೆಯ ಮೇಲೆ ಕುರ್ಚಿಯಿಲ್ಲ. ಭೌತವಿಜ್ಞಾನಿ ಶ್ರೋಡಿಂಗರ್ 1935ರಲ್ಲಿ ಕಲ್ಪನೆಯ ಪೆಟ್ಟಿಗೆಯೊಳಗೆ ಕೂರಿಸಿದ, ಮುಚ್ಚಳ ತೆರೆದು ನೋಡುವವರೆಗೆ ಬದುಕಿಯೂ ಸತ್ತೂ ಇರಬೇಕಾದ ಬೆಕ್ಕನ್ನಂತೂ ಇವರು ಮನೆದೇವರನ್ನಾಗಿ ಮಾಡಿಕೊಂಡಿದ್ದಾರೆ. ಆತ ಆ ಬೆಕ್ಕನ್ನು ತಂದದ್ದು ಇಂಥ ವ್ಯಾಖ್ಯಾನ ಎಷ್ಟು ಹಾಸ್ಯಾಸ್ಪದವೆಂದು ತೋರಿಸುವುದಕ್ಕೆ. ಸಿದ್ಧಾಂತಕ್ಕೆ ಮೂಲಪುರುಷನಾಗಿ ಬೆಕ್ಕೇ ಬೇಕೆಂದಿದ್ದರೆ, ಕಣ್ಣು ಮುಚ್ಚಿಕೊಂಡು ಹಾಲು ಕುಡಿಯುವ ನಮ್ಮ ಗಾದೆಯ ಬೆಕ್ಕಿಗೆ ಹೆಚ್ಚಿನ ಅರ್ಹತೆಯಿತ್ತು.

ಹಾಗೆಂದು ಯಾರೂ ಪರೀಕ್ಷಿಸಿ ನೋಡಿಲ್ಲವೆಂದಲ್ಲ. ಪ್ರಿನ್ಸ್‌ಟನ್ ವಿಶ್ವವಿದ್ಯಾಲಯದಲ್ಲಿ 1979ರಿಂದ 2007ರವರೆಗೆ ಇದಕ್ಕೆಂದೇ ಒಂದು ಪ್ರಯೋಗಾಲಯವಿತ್ತು. ಯಾದೃಚ್ಛಿಕವಾಗಿ ಅಂಕಿಗಳನ್ನು ಉಗುಳುವ ಯಂತ್ರದ ಮುಂದೆ ಜನರನ್ನು ಕೂರಿಸಿ, ಅಂಕಿಗಳು ಏರಲಿ ಅಥವಾ ಇಳಿಯಲಿ ಎಂದು ಮನಸ್ಸಿನಲ್ಲೇ ಹಾರೈಸಲು ಹೇಳುತ್ತಿದ್ದರು. ವರ್ಷಾನುಗಟ್ಟಲೆ ಹಾರೈಸಿದ ಮೇಲೆ ಅವರು ಕಂಡೆವೆಂದು ಹೇಳಿಕೊಂಡ ವ್ಯತ್ಯಾಸ ಹತ್ತು ಸಾವಿರಕ್ಕೆ ಕೆಲವೇ ಕೆಲವು ಪಾಲು. ಜರ್ಮನಿಯ ಎರಡು ಪ್ರಯೋಗಾಲಯಗಳ ಜೊತೆಗೂಡಿ ಮತ್ತೆ ಮಾಡಿನೋಡಿದಾಗ ಅಷ್ಟೂ ಸಿಗಲಿಲ್ಲ. 2000ದಲ್ಲಿ ಆ ಫಲಿತಾಂಶ ಪ್ರಕಟವಾಯಿತು. ಸೋಲನ್ನು ತಾವೇ ಅಚ್ಚುಹಾಕಿಸಿದ ಆ ಪ್ರಾಮಾಣಿಕತೆಯನ್ನು ಮೆಚ್ಚಬೇಕು, ಚಿತ್ತಸೃಷ್ಟಿಯವರು ಅಲ್ಲಿಂದ ಎರವಲು ಪಡೆಯದೆ ಬಿಟ್ಟಿರುವುದು ಅದೊಂದನ್ನೇ.

ಇದಕ್ಕಿಂತ ಹೆಚ್ಚು ಉಪಯುಕ್ತವಾದ ಮಾದರಿಯೊಂದಿದೆ. 1993ರ ಬೇಸಿಗೆಯಲ್ಲಿ ಸುಮಾರು 4,000 ಧ್ಯಾನಿಗಳು ವಾಷಿಂಗ್ಟನ್ ನಗರದಲ್ಲಿ ನೆರೆದು ಅಲ್ಲಿನ ಹಿಂಸೆಯನ್ನು ತಗ್ಗಿಸಲು ಸಾಮೂಹಿಕವಾಗಿ ಧ್ಯಾನಿಸಿದರು. ಅಪರಾಧ ಶೇ. 18ರಷ್ಟು ಇಳಿಯಿತೆಂದು ಸಾರಿದ ಭೌತವಿಜ್ಞಾನಿ ಜಾನ್ ಹಗೆಲಿನ್ ಅವರಿಗೆ ಮರುವರ್ಷವೇ ಶಾಂತಿ ಪ್ರಶಸ್ತಿ ಬಂತು, ನೊಬೆಲ್ ಅಲ್ಲ, ಅದನ್ನು ಅಣಕಿಸುವ ಇಗ್ ನೊಬೆಲ್. ಇಳಿದದ್ದು ಯಾವುದಕ್ಕೆ ಹೋಲಿಸಿದರೆ ಎಂಬಲ್ಲಿದೆ ಸೊಗಸು: ಧ್ಯಾನ ನಡೆಯದಿದ್ದರೆ ಎಷ್ಟಾಗುತ್ತಿತ್ತೆಂದು ಅವರದೇ ಲೆಕ್ಕಾಚಾರ ಅಂದಾಜು ಮಾಡಿತ್ತೋ ಅದಕ್ಕೆ. ಈ ಪದ್ಧತಿಯನ್ನು ಪರೀಕ್ಷಾ ಮಂಡಳಿಗಳು ಒಪ್ಪಿಕೊಂಡರೆ, ನಪಾಸಾದ ಹುಡುಗ ತಾನು ಇನ್ನೂ ಕಡಿಮೆ ಅಂಕ ಪಡೆಯಬೇಕಾಗಿತ್ತೆಂದು ಸಾಧಿಸಿ ಪದಕ ಕೇಳಬಹುದು.

ಚಿತ್ತಸೃಷ್ಟಿಯ ಶಿಬಿರವನ್ನು ಹತ್ತಿರದಿಂದ ನೋಡಿದರೆ ಸಿದ್ಧಾಂತ ಎಷ್ಟು ವಿನಯಶಾಲಿ ಎಂಬುದು ತಿಳಿಯುತ್ತದೆ. ನಕ್ಷತ್ರಪುಂಜಗಳನ್ನು ಅತ್ತಿತ್ತ ಸರಿಸುವ ಬಗೆಯನ್ನು ವಿವರಿಸುತ್ತಿರುವಾಗ ಮೈಕು ಕುಯ್ಯೆಂದು ಕೂಗಿ ಸತ್ತುಹೋಗುತ್ತದೆ. ಗುರುಗಳು ಅದನ್ನು ಎರಡು ಸಲ ಬೆರಳಿನಿಂದ ತಟ್ಟಿ, ಮೂರನೆಯ ಸಲ ಊದಿ, ಆಮೇಲೆ ರೆಕ್ಕೆ ಮುರಿದ ಹಕ್ಕಿಯಂತೆ ಸಹಾಯಕನ ಕಡೆ ನೋಡುತ್ತಾರೆ. ಸಹಾಯಕ ಓಡಿಬಂದು ವೈರನ್ನು ಕಿತ್ತು ಮತ್ತೆ ಸಿಕ್ಕಿಸುತ್ತಾನೆ. ಮೈಕು ಬದುಕುತ್ತದೆ, ಉಪನ್ಯಾಸ ನಕ್ಷತ್ರಪುಂಜಗಳಿಂದಲೇ ಮುಂದುವರಿಯುತ್ತದೆ. ಮುನ್ನೂರು ಜನ ತೀವ್ರವಾಗಿ ಬಯಸುತ್ತಿದ್ದ ಸಭಾಂಗಣದಲ್ಲಿ ವಾಸ್ತವವನ್ನು ನಿಜಕ್ಕೂ ಬದಲಿಸಿದವನು ಆ ಹುಡುಗನೊಬ್ಬನೇ, ಅವನಿಗೆ ಪ್ರಮಾಣಪತ್ರ ಕೊಡುವುದಿಲ್ಲ.

ನೋಂದಣಿ ಅರ್ಜಿಯ ಕೊನೆಯ ಸಾಲುಗಳನ್ನಂತೂ ಭೂತಗನ್ನಡಿ ಹಿಡಿದಾದರೂ ಓದಬೇಕು. ಫಲಿತಾಂಶ ವ್ಯಕ್ತಿಯಿಂದ ವ್ಯಕ್ತಿಗೆ ಬೇರೆಯಾಗಬಹುದು; ಫಲ ದೊರೆಯದಿದ್ದಲ್ಲಿ ಅಭ್ಯಾಸಿಯ ಅಂತರಂಗದಲ್ಲಿ ಅಡಗಿರುವ ಸಂಶಯವೇ ಅದಕ್ಕೆ ಹೊಣೆ; ಪಾವತಿಸಿದ ಶುಲ್ಕವನ್ನು ಯಾವ ಕಾರಣಕ್ಕೂ ಹಿಂದಿರುಗಿಸಲಾಗುವುದಿಲ್ಲ. ಬೆಟ್ಟ, ಸಮುದ್ರ, ಕಾಲಗಳೆಲ್ಲ ಮನಸ್ಸಿಗೆ ಬಗ್ಗುವ ಈ ವಿಶ್ವದಲ್ಲಿ ಬಗ್ಗದ ವಸ್ತು ಆ ಕೊನೆಯ ವಾಕ್ಯ ಮಾತ್ರ. ಗೆದ್ದರೆ ಸಿದ್ಧಾಂತದ ಮಹಿಮೆ, ಸೋತರೆ ಶಿಷ್ಯನ ಸಂಶಯ ಎಂಬ ಏರ್ಪಾಡಿನಲ್ಲಿ ಸೋಲಲು ಸಿದ್ಧಾಂತಕ್ಕೆ ಜಾಗವೇ ಇಲ್ಲ.

ಇಷ್ಟರವರೆಗೆ ನಗಬಹುದು. ಆದರೆ ಇದೇ ಸಾಲು ಆಸ್ಪತ್ರೆಯ ವಾರ್ಡಿಗೂ ಹೋಗುತ್ತದೆ. ಗೆಡ್ಡೆ ಬೆಳೆಯುತ್ತಿರುವ ಹೆಂಗಸಿನ ಮಂಚದ ಪಕ್ಕ ಕುಳಿತು, 'ಒಳಗೆಲ್ಲೋ ನೀವೇ ಇದನ್ನು ಕರೆದುಕೊಂಡಿದ್ದೀರಮ್ಮ' ಎಂದು ಮೃದುವಾಗಿ ಹೇಳುವ ಅಭ್ಯಾಸಿಗಳಿದ್ದಾರೆ. ಜೀವಕೋಶಗಳ ಜೊತೆಗೆ ಅಪರಾಧ ಪ್ರಜ್ಞೆಯನ್ನೂ ಹೊರುವಂತೆ ಮಾಡುವ ಈ ಸೇವೆಗೆ ಪ್ರತ್ಯೇಕ ಶುಲ್ಕವಿಲ್ಲವೆಂಬುದೇ ಆಶ್ಚರ್ಯ. ಬರ, ಭೂಕಂಪ, ಯುದ್ಧಗಳಲ್ಲಿ ಸತ್ತವರೂ ಈ ಲೆಕ್ಕದಲ್ಲಿ ತಪ್ಪಾಗಿ ಯೋಚಿಸಿದವರೇ. ಹೊಟ್ಟೆ ತುಂಬಿದವರೆಲ್ಲ ಸರಿಯಾಗಿ ಯೋಚಿಸಿದವರು. ಉಳ್ಳವರಿಗೆ ಈ ಸಿದ್ಧಾಂತ ಇಷ್ಟೊಂದು ಹಿಡಿಸುವುದಕ್ಕೆ ಬೇರೆ ಕಾರಣ ಹುಡುಕಬೇಕಿಲ್ಲ.

ಒಂದು ತಾಂತ್ರಿಕ ತೊಡಕು ಮಾತ್ರ ಬಹುಕಾಲ ಉಳಿದಿತ್ತು. ಒಂದೇ ಹುದ್ದೆಯನ್ನು ಇಬ್ಬರು ಅಭ್ಯಾಸಿಗಳು ಸಮಾನ ತೀವ್ರತೆಯಿಂದ ಬಯಸಿದರೆ, ಅಥವಾ ಒಬ್ಬ ಮಳೆಯನ್ನೂ ಪಕ್ಕದವನು ಮದುವೆಗೆಂದು ಬಿಸಿಲನ್ನೂ ಬಯಸಿದರೆ, ವಿಶ್ವ ಯಾರ ಮಾತು ಕೇಳಬೇಕು? ಈ ಪ್ರಶ್ನೆಗೆ ಪ್ರವರ್ತಕರು ಕೊನೆಗೂ ಪರಿಹಾರ ಕಂಡುಹಿಡಿದಿದ್ದಾರೆ. ಅಭ್ಯಾಸಿಗಳನ್ನು ಏಳು ಹಂತಗಳಾಗಿ ವಿಂಗಡಿಸಲಾಗಿದ್ದು, ಮೇಲಿನ ಹಂತದವರ ಬಯಕೆ ಕೆಳಗಿನ ಹಂತದವರ ಬಯಕೆಯನ್ನು ತಾನಾಗಿಯೇ ರದ್ದುಗೊಳಿಸುತ್ತದೆ. ಏಳನೆಯ ಹಂತ ಮುಗಿಸಿದವರ ನಡುವೆಯೇ ತಿಕ್ಕಾಟ ಹೆಚ್ಚಾಗಿರುವುದರಿಂದ ಎಂಟನೆಯದಕ್ಕೆ ನೋಂದಣಿ ಆರಂಭವಾಗಿದೆ.