ಕೊರಿಯಾ ಸಿನಿಮಾ ಆಕಾಶದಿಂದ ಉದುರಿದ್ದಲ್ಲ ಸ್ವಾಮಿ

ಈಗಷ್ಟೇ ಒಂದು ರೀಲ್ಸ್ ನೋಡಿ ತಲೆ ಕೆಟ್ಟಿದೆ. 'ಕೊರಿಯಾದವರು 2019ರಲ್ಲಿ ಒಂದೇ ಒಂದು ಸಿನಿಮಾ ಮಾಡಿ ಜಗತ್ತು ಗೆದ್ದುಬಿಟ್ಟರು' ಅಂತ ಒಬ್ಬ ಹುಡುಗ ಕೈ ಆಡಿಸಿ ಆಡಿಸಿ ಹೇಳುತ್ತಿದ್ದಾನೆ. ಲೈಕುಗಳೋ ಸಾವಿರಾರು. ಇಂಥದ್ದಕ್ಕೆ ಸುಮ್ನೆ ಇರೋ ಸ್ವಭಾವ ನನ್ನದಲ್ಲ, ನಿಮಗೆ ಗೊತ್ತೇ ಇದೆ.

ಅವನು ಹೇಳುವ ಆ ಸಿನಿಮಾ, 'ಪ್ಯಾರಸೈಟ್', ನನಗೂ ಇಷ್ಟ. ಆದರೆ ಅದಕ್ಕೂ 17 ವರ್ಷ ಮೊದಲೇ, 2002ರಲ್ಲಿ, ಫ್ರಾನ್ಸ್‌ನ ಕಾನ್ ಚಿತ್ರೋತ್ಸವದಲ್ಲಿ ಅತ್ಯುತ್ತಮ ನಿರ್ದೇಶಕ ಪ್ರಶಸ್ತಿ ಹಂಚಿಕೊಂಡ ಇಮ್ ಕ್ವಾನ್-ಟೇಕ್ ಎಂಬ ಮನುಷ್ಯ ಒಬ್ಬರಿದ್ದಾರಲ್ಲ, ಅವರ ಹೆಸರು ಒಂದು ಸಲವೂ ಬರಬಾರದೇ?

ಇಮ್ ಯಾವ ಫಿಲ್ಮ್ ಶಾಲೆಗೂ ಹೋದವರಲ್ಲ. ದಕ್ಷಿಣ ಕೊರಿಯಾದ ದಕ್ಷಿಣ ಜೊಲ್ಲಾ ಪ್ರಾಂತ್ಯದ ಜಾಂಗ್‌ಸೊಂಗ್‌ನವರು. ಮನೆಯವರ ಮೇಲೆ ಎಡಪಂಥದ ಹಣೆಪಟ್ಟಿ ಬಿದ್ದು ಬದುಕು ಚೆಲ್ಲಾಪಿಲ್ಲಿಯಾಯಿತು. ಕೊರಿಯಾ ಯುದ್ಧದ ಕಾಲದಲ್ಲಿ ಊರು ಬಿಟ್ಟು ಬೂಸಾನ್‌ಗೆ ಹೋಗಿ ಕೂಲಿ ಮಾಡಿದರು. ಅಮೆರಿಕನ್ ಸೈನಿಕರ ಹಳೆ ಬೂಟು ಮಾರುವವರ ಜೊತೆ ದುಡಿದರು. ಆ ಬೂಟಿನ ವ್ಯಾಪಾರಿಗಳೇ ರಾಜಧಾನಿ ಸೋಲ್‌ಗೆ ಹೋಗಿ ಸಿನಿಮಾಕ್ಕೆ ಕೈ ಹಾಕಿದಾಗ ಇವರನ್ನೂ ಕರೆಸಿಕೊಂಡರು. ಅನ್ನ ಸಿಗುತ್ತೆ ಅಂತ ಹೋದರು, ಅಷ್ಟೇ.

1962ರಲ್ಲಿ ನಿರ್ದೇಶಕರಾಗಿ ಮೊದಲ ಸಿನಿಮಾ. ಆಮೇಲಿನ ಹತ್ತು ವರ್ಷದಲ್ಲಿ ಸುಮಾರು ಐವತ್ತು! ಆಗಿನ ಕಾನೂನೇ ಹಾಗಿತ್ತು. ವಿದೇಶಿ ಸಿನಿಮಾ ತರಿಸಿ ದುಡ್ಡು ಮಾಡಬೇಕಾದರೆ ಕಂಪನಿಗಳು ಇಷ್ಟು ಸ್ವದೇಶಿ ಸಿನಿಮಾ ಮಾಡಿದ್ದೇವೆ ಅಂತ ಲೆಕ್ಕ ತೋರಿಸಬೇಕಿತ್ತು. ಆ ಲೆಕ್ಕ ತುಂಬಿಸಲು ಇಮ್‌ನಂಥವರು ಹೊಡೆದಾಟದ್ದೋ, ಕಣ್ಣೀರಿನದ್ದೋ ಏನೋ ಒಂದು ಸುತ್ತಿ ಕೊಡುತ್ತಿದ್ದರು. ಅವೆಲ್ಲ ಕಳೆದುಹೋದರೇ ಒಳ್ಳೆಯದು ಎಂಬರ್ಥದಲ್ಲಿ ಅವರೇ ಮಾತಾಡಿದ್ದಾರೆ.

'ಹಾಗಾದರೆ ಐವತ್ತು ಕಸ ಮಾಡಿದವರೆಲ್ಲ ಮೇಧಾವಿಗಳಾ?' ಅಂತ ಕಾಮೆಂಟ್ ಬರುತ್ತೆ, ಗೊತ್ತು. ಇಲ್ಲಪ್ಪ. ಅದೇ ಲೆಕ್ಕದ ಸಿನಿಮಾ ಸುತ್ತಿದವರು ಅಲ್ಲಿ ಬೇಕಾದಷ್ಟಿದ್ದರು, ಅವರೆಲ್ಲ ಇಮ್ ಆಗಲಿಲ್ಲ. ಆದರೆ ಎರಡನೇ ಸಿನಿಮಾ ಸೋತ ಕೂಡಲೇ 'ಇವನ ಕತೆ ಮುಗೀತು' ಅಂತ ಬರೆಯುವ ನಾವು 1972ರಲ್ಲಿ ಅಲ್ಲಿದ್ದಿದ್ದರೆ ಇಮ್ ಅವರನ್ನೂ ಮುಗಿಸಿಬಿಡುತ್ತಿದ್ದೆವು. 1981ರ 'ಮಂಡಲ' ನೋಡಿ. ಇಬ್ಬರು ಬೌದ್ಧ ಭಿಕ್ಷುಗಳು, ಅದರಲ್ಲೊಬ್ಬ ಕುಡುಕ. ಇದನ್ನು ಮಾಡಿದಾಗ ಇವರು ಚಿತ್ರರಂಗಕ್ಕೆ ಬಂದು ಕಾಲು ಶತಮಾನವಾಗಿತ್ತು.

ಇನ್ನು 1993ರ 'ಸೊಪ್ಯೊಂಜೆ'. ಹಾಲಿವುಡ್ ಕಂಪನಿಗಳು ತಾವೇ ಹಂಚಿಕೆಗೆ ಇಳಿದು ಸ್ಥಳೀಯ ಸಿನಿಮಾ ಉಸಿರುಗಟ್ಟುತ್ತಿದ್ದ ಕಾಲ. ಆಗ ಇವರು ಜನ ಮರೆಯುತ್ತಿದ್ದ ಪಾನ್ಸೋರಿ (ಡೋಲಿನ ಜೊತೆ ಹಾಡುತ್ತಾ ಕತೆ ಹೇಳುವ ಕೊರಿಯಾದ ಹಳೆ ಕಲೆ) ಹಾಡುಗಾರರ ಕತೆ ತೆಗೆದರು. ಸೋಲ್ ಒಂದರಲ್ಲೇ ಹತ್ತು ಲಕ್ಷ ದಾಟಿ ಜನ ನೋಡಿದರು. ಯಾವ ಕೊರಿಯನ್ ಸಿನಿಮಾಕ್ಕೂ ಅಲ್ಲಿಯವರೆಗೆ ಆಗದ್ದು ಅದು. ಅದರಲ್ಲಿ ಅಪ್ಪ, ಮಗಳು, ಮಗ ಮೂವರೂ ಹಾಡುತ್ತಾ, ಡೋಲು ಬಡಿಯುತ್ತಾ ಹೊಲದ ನಡುವಿನ ದಾರಿಯಲ್ಲಿ ದೂರದಿಂದ ನಡೆದು ಬರುವ ದೃಶ್ಯವಿದೆ. ಕ್ಯಾಮೆರಾ ನಿಂತಲ್ಲೇ ನಿಂತಿದೆ, ಕಟ್ ಇಲ್ಲ. ಆ ಅಪ್ಪನೇ ಮುಂದೆ ಹಾಡಿಗಾಗಿ ಮಗಳ ಕಣ್ಣು ಕಳೆಯುತ್ತಾನೆ. ಆ ಮನುಷ್ಯನ ಮೇಲೆ ನನಗೆ ಇನ್ನೂ ಸಿಟ್ಟು ಹೋಗಿಲ್ಲ. ಆದರೂ ಆ ದೃಶ್ಯ ಬಂದರೆ ಅಳುತ್ತೇನೆ. ನಮ್ಮ ಮನೆಯವರು ನಗುತ್ತಾರೆ, ನಗಲಿ.

ಕೊರಿಯನ್ ಫಿಲ್ಮ್ ಆರ್ಕೈವ್‌ನವರು ಹಳೆ ಸಿನಿಮಾಗಳನ್ನು ಸಬ್‌ಟೈಟಲ್ ಸಮೇತ ಯೂಟ್ಯೂಬ್‌ನಲ್ಲಿ ಪುಕ್ಕಟೆ ಇಟ್ಟಿದ್ದಾರೆ. 'ಮಂಡಲ'ದಿಂದ ಶುರು ಮಾಡಿ. ಡಬ್ಬಿಂಗ್ ಇಲ್ವಾ, ಸ್ಲೋ ಅಲ್ವಾ ಅಂತ ಇನ್‌ಬಾಕ್ಸ್‌ಗೆ ಬಂದರೆ ಮಾತ್ರ ಬ್ಲಾಕ್ ಮಾಡ್ತೀನಿ.