ಸ್ಪಷ್ಟನೆ: ಫ್ಯಾಂಟಮ್‌ಜೆಎಸ್‌ಗೆ ‘ಪರದೆಯಿಲ್ಲ, ಹಾಗಾಗಿ ಅಪಾಯವಿಲ್ಲ’ ಎಂಬುದು ತಪ್ಪು

ಬೆಳಗಾವಿ, ಬಾಗಲಕೋಟೆಯ ಪ್ರಾಜೆಕ್ಟ್ ವಾಟ್ಸಾಪ್ ಗುಂಪುಗಳಲ್ಲಿ ಒಂದು ಸಂದೇಶ ಹರಿದಾಡುತ್ತಿದೆ: ‘ವೆಬ್ ಪರೀಕ್ಷೆಗೆ ಫ್ಯಾಂಟಮ್‌ಜೆಎಸ್ ಸಾಕು, ಪರದೆ ಇಲ್ಲದ ಬ್ರೌಸರ್ ಆದ್ದರಿಂದ ವೈರಸ್ ಭಯವಿಲ್ಲ.’ ಇದು ಸರಿಯಲ್ಲ. ಫ್ಯಾಂಟಮ್‌ಜೆಎಸ್ ಎಂದರೆ ಕಿಟಕಿ ತೋರಿಸದೆ, ಪ್ರೋಗ್ರಾಂ ಹೇಳಿದಂತೆ ವೆಬ್ ಪುಟ ತೆರೆಯುವ ಬ್ರೌಸರ್.

ಪರದೆ ಇಲ್ಲದಿದ್ದರೂ ಅದು ಪುಟದ ಜಾವಾಸ್ಕ್ರಿಪ್ಟನ್ನು ಪೂರ್ತಿ ಓಡಿಸುತ್ತದೆ. ಕೊನೆಯ ಸ್ಥಿರ ಆವೃತ್ತಿ 2.1.1 ಬಂದದ್ದು 2016ರ ಜನವರಿಯಲ್ಲಿ. 2018ರ ಮಾರ್ಚ್‌ನಲ್ಲಿ ಅಭಿವೃದ್ಧಿಯೇ ನಿಂತಿತು. ಅಂದರೆ ಒಳಗಿರುವ ಹಳೆಯ ವೆಬ್‌ಕಿಟ್‌ಗೆ (ಪುಟ ತೋರಿಸುವ ಎಂಜಿನ್) ಇನ್ನು ದೋಷ ಸರಿಪಡಿಸುವ ತೇಪೆ ಬರುವುದಿಲ್ಲ.

ಉದಾಹರಣೆಗೆ ಸಿವಿಇ-2019-17221 ನೋಡಿ; ಸಿವಿಇ ಎಂದರೆ ಬಹಿರಂಗವಾದ ಭದ್ರತಾ ದೋಷಗಳಿಗೆ ಕೊಡುವ ಗುರುತು ಸಂಖ್ಯೆ. ಬಳಕೆದಾರ ಕೊಟ್ಟ ಎಚ್‌ಟಿಎಂಎಲ್‌ನಿಂದ ಅಂಕಪಟ್ಟಿಯ ಪಿಡಿಎಫ್ ಮಾಡುವ ಪ್ರಾಜೆಕ್ಟ್ ಇದೆ ಎನ್ನಿ. ಆ ಎಚ್‌ಟಿಎಂಎಲ್‌ನಲ್ಲಿ ‘ಫೈಲ್’ (file://) ವಿಳಾಸಕ್ಕೆ ಕೋರಿಕೆ ಕಳಿಸುವ ನಾಲ್ಕು ಸಾಲು ಸೇರಿಸಿದರೆ ಸಾಕು, ನಿಮ್ಮ ಸರ್ವರಿನ ಕಡತದ ಒಳಗಿನದೆಲ್ಲ ಪಿಡಿಎಫ್‌ನಲ್ಲಿ ಅಚ್ಚಾಗಿ ಹೊರಬರುತ್ತದೆ. ಡೇಟಾಬೇಸ್ ಪಾಸ್‌ವರ್ಡ್ ಇರುವ ಕಡತವೂ ಇದಕ್ಕೆ ಹೊರತಲ್ಲ. ಎಲ್ಲ ಅಧಿಕಾರವಿರುವ ರೂಟ್ ಖಾತೆಯಲ್ಲಿ ಓಡಿಸುತ್ತಿದ್ದರಂತೂ ಯಾವ ಕಡತಕ್ಕೂ ತಡೆಯಿಲ್ಲ.

ನಿಮ್ಮ ಪ್ರಾಜೆಕ್ಟಿನ ಪ್ಯಾಕೇಜ್ ಪಟ್ಟಿಯಲ್ಲಿ ‘ಫ್ಯಾಂಟಮ್’ (phantom) ಎಂದು ಹುಡುಕಿ. ‘ಕರ್ಮ’ (Karma) ಎಂಬ ಪರೀಕ್ಷಾ ಸಾಧನದ ಲಾಂಚರ್ ರೂಪದಲ್ಲೂ ಅಡಗಿರುತ್ತದೆ. ಬದಲಿಗೆ ಇದೇ ಕೆಲಸದ ಸಾಧನಗಳಾದ ಪಪೆಟಿಯರ್ ಅಥವಾ ಪ್ಲೇರೈಟ್ ಹಾಕಿ, ಬ್ರೌಸರಿನ ಸ್ಯಾಂಡ್‌ಬಾಕ್ಸ್ (ಪುಟದ ಕೋಡ್ ಹೊರಗೆ ಕೈಚಾಚದಂತೆ ತಡೆಯುವ ಬೇಲಿ) ಚಾಲೂ ಇರಲಿ. ಹಳೆಯ ಪರೀಕ್ಷೆಗಳಿಗೆ ಇಟ್ಟುಕೊಳ್ಳಲೇಬೇಕಾದರೆ ಗುಟ್ಟಿನ ಕಡತಗಳಿಲ್ಲದ ಕಂಟೇನರಿನಲ್ಲಿ (ಉಳಿದ ವ್ಯವಸ್ಥೆಯಿಂದ ಬೇರ್ಪಡಿಸಿದ ಜಾಗ), ಕಡಿಮೆ ಅಧಿಕಾರದ ಖಾತೆಯಲ್ಲಿ, ನಿಮ್ಮದೇ ಪುಟಗಳಿಗಷ್ಟೇ ಬಳಸಿ. ಎಸ್‌ಎಸ್‌ಎಲ್ (ಸುರಕ್ಷಿತ ಸಂಪರ್ಕ) ದೋಷ ಕಡೆಗಣಿಸುವ ಆಯ್ಕೆ ಇದ್ದರೆ ತೆಗೆದುಹಾಕಿ.

ದಯವಿಟ್ಟು ಆ ಸಂದೇಶವನ್ನು ಮುಂದೆ ಕಳಿಸಬೇಡಿ. ಈಗಾಗಲೇ ಕಳಿಸಿದ್ದರೆ ಅದೇ ಗುಂಪಿನಲ್ಲಿ ಈ ಸ್ಪಷ್ಟನೆಯನ್ನೂ ಹಾಕಿ.